ಯುರೇನಸ್ ನೋಡಿದೆ ಅನ್ಸುತ್ತೆ. ಅದೇ ಹೌದಾ ಅಂತ ಖಾತ್ರಿ ಮಾಡ್ಕೊಳ್ಳೋದು ಹೇಗೆ?

ಬಯಲುಸೀಮೆ ಚುಕ್ಕಿ | 20 ನವೆಂಬರ್ 2025, ರಾತ್ರಿ 11:40

ಎಲ್ಲರಿಗೂ ನಮಸ್ಕಾರ. ನಮ್ಮದು ಚಳ್ಳಕೆರೆ ಹತ್ತಿರ ಹಳ್ಳಿ. ಇವತ್ತು ಅಮಾವಾಸ್ಯೆ. ಮೋಡ ಇರಲಿಲ್ಲ, ಎಂಟು ಗಂಟೆಗೆ ಕರೆಂಟೂ ಹೋಯಿತು. ಭಾವನ ಹತ್ತಿರ ಇಸ್ಕೊಂಡು ಬಂದಿದ್ದ 10×50 ಬೈನಾಕ್ಯುಲರ್ ಹಿಡಿದು ಮಾಳಿಗೆ ಹತ್ತಿದೆ. ಯುರೇನಸ್ ಈಗ ಕೃತ್ತಿಕೆ ಹತ್ತಿರ ಇದೆ ಅಂತ ಈ ಗುಂಪಿನಲ್ಲೇ ಯಾರೋ ಬರೆದಿದ್ದರು.

ಪೂರ್ವಕ್ಕೆ ಮುಖ ಮಾಡಿ ಕೃತ್ತಿಕೆ ಹಿಡಿದೆ. ಅದನ್ನು ಎಡ ಅಂಚಿಗೆ ತಳ್ಳಿದರೆ ಬಲ ಅಂಚಿನ ಕಡೆ ಮಂಕಾದ ಮೂರು ಚುಕ್ಕೆ, ಹೆಚ್ಚುಕಡಿಮೆ ಒಂದರ ಕೆಳಗೊಂದು. ಕೈ ನಡುಗಬಾರದು ಅಂತ ನೀರಿನ ಟ್ಯಾಂಕಿಗೆ ಮೊಣಕೈ ಊರಿಕೊಂಡೆ. ಮೂರರಲ್ಲಿ ಕೆಳಗಿನದು ಯುರೇನಸ್ ಅಂತ ಫೋನಿನ ಆಪ್ ಹೇಳುತ್ತೆ. ಆದರೆ ನನ್ನ ಕಣ್ಣಿಗೆ ಮೂರೂ ಒಂದೇ ಥರ. ಆಪ್ ಇಲ್ಲದೆ ನನಗೆ ನಾನೇ ಹೇಗೆ ಖಾತ್ರಿ ಮಾಡಿಕೊಳ್ಳಲಿ?

ಹಳೇ ಮೇಷ್ಟ್ರು | 21 ನವೆಂಬರ್, ಬೆಳಗ್ಗೆ 6:15

ಒಳ್ಳೇ ಪ್ರಶ್ನೆ ಕೇಳಿದ್ದೀರಿ. ಇದಕ್ಕೆ ಒಂದೇ ದಾರಿ: ಬರೆದಿಡಿ. ಒಂದು ನೋಟ್‌ಬುಕ್ಕಿನಲ್ಲಿ ಬಳೆ ಇಟ್ಟು ಒಂದು ವೃತ್ತ ಎಳೀರಿ. ಬೈನಾಕ್ಯುಲರಿನಲ್ಲಿ ಕಾಣುವ ಚುಕ್ಕೆಗಳನ್ನೆಲ್ಲ ಅದರೊಳಗೆ ಹಾಕಿ, ದಿನಾಂಕ ಮತ್ತು ಗಂಟೆ ಬರೀರಿ. ಎರಡು ಮೂರು ವಾರ ಬಿಟ್ಟು ಮತ್ತೆ ನೋಡಿ. ನಕ್ಷತ್ರಗಳು ಇದ್ದಲ್ಲೇ ಇರುತ್ತವೆ, ಗ್ರಹ ಜಾಗ ಬದಲಿಸಿರುತ್ತದೆ.

ಯುರೇನಸ್ ಕಂಡುಹಿಡಿದ ವಿಲಿಯಂ ಹರ್ಷೆಲ್ ಮಾಡಿದ್ದೂ ಇದನ್ನೇ. 1781ರ ಮಾರ್ಚ್ 13ರ ರಾತ್ರಿ ಒಂದು ಚುಕ್ಕೆ ಉಳಿದವುಗಳಿಗಿಂತ ದಪ್ಪ ಅನ್ನಿಸಿತು. 227 ಪಟ್ಟು ದೊಡ್ಡದು ಮಾಡಿ ನೋಡಿದ, ಆಮೇಲೆ 460, ಆಮೇಲೆ 932. ನಕ್ಷತ್ರಗಳು ಚುಕ್ಕೆಯಾಗಿಯೇ ಉಳಿದವು, ಇದು ಮಾತ್ರ ದೊಡ್ಡದಾಗುತ್ತಾ ಹೋಯಿತು. ನಾಲ್ಕು ದಿನ ಬಿಟ್ಟು 17ಕ್ಕೆ ಮತ್ತೆ ಹುಡುಕಿದಾಗ ಜಾಗ ಬದಲಾಗಿತ್ತು. ಆಗಲೂ ಅವನು ಇದನ್ನು ಗ್ರಹ ಅನ್ನಲಿಲ್ಲ, ಧೂಮಕೇತು ಅಂದ. ಆಮೇಲೆ ರಷ್ಯಾದ ಪೀಟರ್ಸ್‌ಬರ್ಗಿನ ಗಣಿತಜ್ಞ ಲೆಕ್ಸೆಲ್ ಮೊದಲಾದವರು ಲೆಕ್ಕ ಹಾಕಿದರು. ದಾರಿ ಹೆಚ್ಚುಕಡಿಮೆ ದುಂಡಗಿದೆ, ದೂರ ಶನಿಗ್ರಹದ ಎರಡರಷ್ಟಿದೆ ಅಂತ ಗೊತ್ತಾಯಿತು.

ಇನ್ನೊಂದು ವಿಷಯ. ಹರ್ಷೆಲ್‌ಗಿಂತ 91 ವರ್ಷ ಮೊದಲೇ, 1690ರಲ್ಲಿ, ಇಂಗ್ಲೆಂಡಿನ ಗ್ರೀನಿಚ್‌ನ ಖಗೋಳಜ್ಞ ಫ್ಲಾಮ್‌ಸ್ಟೀಡ್ ಇದೇ ಗ್ರಹವನ್ನು ನೋಡಿದ್ದ. ನಕ್ಷತ್ರ ಅಂತ ಬರೆದುಕೊಂಡ. ವೃಷಭ ರಾಶಿಯ 34ನೇ ನಕ್ಷತ್ರ ಅಂತಲೇ ಅದು ಪಟ್ಟಿಗೂ ಸೇರಿತು. ಯುರೇನಸ್‌ಗೆ ಸೂರ್ಯನನ್ನು ಒಂದು ಸುತ್ತು ಹಾಕಲು 84 ವರ್ಷ ಬೇಕು. ನಾಲ್ಕು ಸುತ್ತಿಗೆ 336. 1690ಕ್ಕೆ ಕೂಡಿಸಿ ನೋಡಿ. ಫ್ಲಾಮ್‌ಸ್ಟೀಡ್ ನೋಡಿದ ಆ ವೃಷಭಕ್ಕೇ ಗ್ರಹ ಈಗ ವಾಪಸ್ ಬಂದಿದೆ. ನೀವು ನಿನ್ನೆ ನೋಡಿದ್ದು ಅವನ 34ನೇ ನಕ್ಷತ್ರವನ್ನೇ.

ಬಯಲುಸೀಮೆ ಚುಕ್ಕಿ | 21 ನವೆಂಬರ್, ಬೆಳಗ್ಗೆ 7:02

ಮೇಷ್ಟ್ರೇ, ಕೊನೇ ಸಾಲು ಓದಿ ಮೈ ಜುಮ್ಮೆಂದಿತು. ಇವತ್ತೇ ನೋಟ್‌ಬುಕ್ ತೆಗೀತೀನಿ.

ಕಾಫಿತೋಟ | 21 ನವೆಂಬರ್, ಮಧ್ಯಾಹ್ನ 1:20

ಒಂದು ಅನುಮಾನ. ಒಳ್ಳೇ ಕತ್ತಲೆ ಇದ್ದರೆ ಯುರೇನಸ್ ಬರಿಗಣ್ಣಿಗೂ ಕಾಣುತ್ತೆ ಅಂತಾರಲ್ಲ. ಹಾಗಾದ್ರೆ ಸಾವಿರಾರು ವರ್ಷ ಯಾರೂ ಯಾಕೆ ಗುರುತಿಸಲಿಲ್ಲ? ಬುಧ, ಗುರು, ಶನಿ ಎಲ್ಲ ಗೊತ್ತಿತ್ತಲ್ವಾ?

ಹಳೇ ಮೇಷ್ಟ್ರು | 21 ನವೆಂಬರ್, ಮಧ್ಯಾಹ್ನ 3:45

ಕಾಣುವುದು ನಿಜ, ಆದರೆ ಕಣ್ಣಿನ ಶಕ್ತಿಯ ಅಂಚಿನಲ್ಲಿ ಕಾಣುತ್ತೆ. ಅಷ್ಟು ಮಂಕಾದ ಚುಕ್ಕೆಗಳು ಆಕಾಶದಲ್ಲಿ ಸಾವಿರಾರಿವೆ. ಸಾಲದ್ದಕ್ಕೆ ನಡಿಗೆ ಬಹಳ ನಿಧಾನ. ಗುರುಗ್ರಹ ವರ್ಷಕ್ಕೊಂದು ರಾಶಿ ದಾಟುತ್ತೆ, ಇದಕ್ಕೆ ಒಂದು ರಾಶಿಗೆ ಏಳು ವರ್ಷ.

ಪ್ಯಾರಿಸ್ಸಿನಲ್ಲಿ ಲೆ ಮೊನಿಯೆ ಅಂತ ಒಬ್ಬ ಖಗೋಳಜ್ಞ ಇದ್ದ. 1750ರಿಂದ 1769ರವರೆಗೆ ಹತ್ತಕ್ಕಿಂತ ಜಾಸ್ತಿ ಸಲ ಯುರೇನಸ್ ಅವನ ದೂರದರ್ಶಕಕ್ಕೆ ಸಿಕ್ಕಿತ್ತು. 1769ರ ಜನವರಿಯಲ್ಲಂತೂ ಕೆಲವೇ ದಿನಗಳ ಅಂತರದಲ್ಲಿ ಹಲವು ಸಲ ಬರೆದುಕೊಂಡಿದ್ದಾನೆ. ಆದರೆ ಭೂಮಿಯಿಂದ ನೋಡುವವರ ಕಣ್ಣಿಗೆ ಗ್ರಹ ಆಗ ಹಿಂದೆ ನಡೆಯುವುದನ್ನು ಬಿಟ್ಟು ಮುಂದಕ್ಕೆ ತಿರುಗುವ ಹೊತ್ತು. ಅಂಥ ದಿನಗಳಲ್ಲಿ ಅದು ನಿಂತ ಹಾಗೇ ಇರುತ್ತೆ. ಅವನನ್ನು ಬೇಜವಾಬ್ದಾರಿ ಮನುಷ್ಯ ಅಂತ ಕೆಲವರು ಬರೆದಿದ್ದಾರೆ. ನನಗೆ ಅದು ಅನ್ಯಾಯ ಅನ್ನಿಸುತ್ತೆ. ನಿಂತಿರೋ ಚುಕ್ಕೆಯನ್ನು ನಕ್ಷತ್ರ ಅಂದಿದ್ದರಲ್ಲಿ ಅವನ ತಪ್ಪೇನಿದೆ?

ಬ್ರಿಸ್ಟಲ್ ಕನ್ನಡತಿ | 22 ನವೆಂಬರ್, ಬೆಳಗಿನ ಜಾವ 3:10

ಹರ್ಷೆಲ್ ಮಾತು ಬಂತಲ್ಲ, ನಾನೂ ಸ್ವಲ್ಪ ಸೇರಿಸ್ತೀನಿ. ಅವನಿದ್ದ ಬಾತ್ ಪಟ್ಟಣ ಇಂಗ್ಲೆಂಡಿನಲ್ಲಿ ನಮ್ಮೂರಿನ ಪಕ್ಕದ್ದೇ. ಅಲ್ಲಿ ನ್ಯೂ ಕಿಂಗ್ ಸ್ಟ್ರೀಟ್‌ನ 19ನೇ ನಂಬರ್ ಮನೆ ಈಗ ವಸ್ತುಸಂಗ್ರಹಾಲಯ. ಸಾಲುಮನೆಗಳ ನಡುವೆ ಸಣ್ಣ ಮನೆ, ಹಿಂದೆ ಪುಟ್ಟ ಹಿತ್ತಲು. ಯುರೇನಸ್ ಸಿಕ್ಕಿದ್ದು ಆ ಹಿತ್ತಲಿನಲ್ಲೇ. ನಾನು ದೊಡ್ಡ ವೀಕ್ಷಣಾಲಯ ಏನೋ ಇರುತ್ತೆ ಅಂದುಕೊಂಡು ಹೋಗಿದ್ದೆ. ನಮ್ಮ ಅಜ್ಜಿ ಮನೆ ಹಿತ್ತಲೇ ಅದಕ್ಕಿಂತ ದೊಡ್ಡದು!

ಹರ್ಷೆಲ್ ಹೊಟ್ಟೆಪಾಡಿಗೆ ಸಂಗೀತಗಾರ, ಚರ್ಚಿನಲ್ಲಿ ಆರ್ಗನ್ ನುಡಿಸುತ್ತಿದ್ದ. ದೂರದರ್ಶಕದ ಕನ್ನಡಿಗಳನ್ನು ತಾನೇ ಮಾಡಿಕೊಳ್ಳುತ್ತಿದ್ದ. ಗಾಜಿನದ್ದಲ್ಲ, ತಾಮ್ರ ತವರ ಸೇರಿಸಿ ಎರಕ ಹೊಯ್ದ ಕಂಚಿನ ಜಾತಿಯ ಲೋಹ. ಎರಕದ ಅಚ್ಚಿಗೆ ಕುದುರೆ ಲದ್ದಿ ಬೇಕಿತ್ತು. ಅದನ್ನು ಕುಟ್ಟಿ, ಜರಡಿ ಹಿಡಿಯುವ ಕೆಲಸದಲ್ಲಿ ತಂಗಿ ಕ್ಯಾರೊಲಿನ್ ಕೈಯೂ ಇತ್ತು. ಕನ್ನಡಿ ಉಜ್ಜಲು ಕೂತರೆ ನಡುವೆ ಕೈ ತೆಗೆಯುವ ಹಾಗಿಲ್ಲ. ಒಂದು ಸಲ 16 ಗಂಟೆ ಒಂದೇ ಸಮನೆ ಉಜ್ಜಿದ್ದನಂತೆ, ಅಂಥ ಹೊತ್ತಲ್ಲಿ ತುತ್ತು ಮಾಡಿ ಬಾಯಿಗೆ ಇಡುತ್ತಿದ್ದವಳು ಅವಳು.

ಗ್ರಹ ಸಿಕ್ಕಿದ ವರ್ಷವೇ, ಆಗಸ್ಟ್‌ನಲ್ಲಿ, ಮೂರಡಿ ಕನ್ನಡಿ ಎರಕ ಹೊಯ್ಯಲು ಹೋದರು. ಕುಲುಮೆ ಸೋರಿತು. ಕಾದ ಲೋಹ ನೆಲದ ಮೇಲೆ ಹರಿದು ಚಪ್ಪಡಿ ಕಲ್ಲುಗಳು ಪಟಪಟ ಸಿಡಿದವು, ಎಲ್ಲರೂ ಹೊರಗೆ ಓಡಿದರು. ಆ ಒಡೆದ ಚಪ್ಪಡಿಗಳು ಇವತ್ತೂ ಹಾಗೇ ಇವೆ. ನಾನು ಬಗ್ಗಿ ನೋಡಿದೆ. ಕಲ್ಲಿನಲ್ಲಿ ಬಿರುಕು ಹರಿದಿರೋದು ಎದ್ದು ಕಾಣುತ್ತೆ. ಆ ಮನೆಯಲ್ಲಿ ನನಗೆ ಎಲ್ಲಕ್ಕಿಂತ ಹತ್ತಿರ ಅನ್ನಿಸಿದ್ದು ಆ ಬಿರುಕು.

ಪಿಯು ಹುಡುಗ | 22 ನವೆಂಬರ್, ಸಂಜೆ 6:30

ನಮ್ಮ ಪುಸ್ತಕದಲ್ಲಿ ನೆಪ್ಚೂನ್ ಬಗ್ಗೆ ಒಂದೇ ಸಾಲು ಇದೆ: ಲೆಕ್ಕದಿಂದ ಕಂಡುಹಿಡಿದ ಗ್ರಹ ಅಂತ. ಲೆಕ್ಕ ಮಾಡಿದ್ರೆ ಗ್ರಹ ಎಲ್ಲಿದೆ ಅಂತ ಹೇಗೆ ಸಿಗುತ್ತೆ ಸರ್? ಕ್ಲಾಸಲ್ಲಿ ಕೇಳಿದೆ, ಪರೀಕ್ಷೆಗೆ ಬರಲ್ಲ ಅಂದ್ರು.

ಹಳೇ ಮೇಷ್ಟ್ರು | 22 ನವೆಂಬರ್, ರಾತ್ರಿ 9:50

ಮಗು, ಪರೀಕ್ಷೆಗೆ ಬರದಿದ್ದರೂ ಕೇಳು. ಇದು ನನಗೆ ಬಹಳ ಇಷ್ಟದ ಕಥೆ.

ಯುರೇನಸ್ ಸಿಕ್ಕಿದ ಮೇಲೆ ಅದು ಯಾವತ್ತು ಎಲ್ಲಿರಬೇಕು ಅಂತ ಪಟ್ಟಿ ಮಾಡಿದರು. ಆದರೆ ಗ್ರಹ ಆ ಪಟ್ಟಿಯ ಮಾತು ಕೇಳಲಿಲ್ಲ. 1822ರ ಸುಮಾರಿನವರೆಗೆ ಇರಬೇಕಾದ್ದಕ್ಕಿಂತ ಸ್ವಲ್ಪ ಮುಂದೆ ಓಡುತ್ತಿತ್ತು, ಆಮೇಲೆ ಹಿಂದೆ ಬೀಳತೊಡಗಿತು. ಮೈದಾನದಲ್ಲಿ ಇಬ್ಬರು ಸುತ್ತು ಓಡುತ್ತಿದ್ದಾರೆ ಅಂದುಕೋ. ಒಳಸುತ್ತಿನವನು ಜೋರು, ಹೊರಸುತ್ತಿನವನು ನಿಧಾನ. ಇಬ್ಬರ ನಡುವೆ ಒಂದು ರಬ್ಬರ್ ಹಗ್ಗ ಕಟ್ಟಿದೆ. ಒಳಗಿನವನು ಹಿಂದಿನಿಂದ ಹತ್ತಿರ ಬರುವಾಗ ಹಗ್ಗ ಅವನನ್ನು ಮುಂದಕ್ಕೆ ಎಳೆಯುತ್ತೆ. ದಾಟಿ ಹೋದ ಮೇಲೆ ಹಿಂದಕ್ಕೆ ಎಳೆಯುತ್ತೆ. ಹೊರಗಿನವನು ಕಾಣದೇ ಇದ್ದರೂ, ಒಳಗಿನವನ ಓಟ ನೋಡಿಯೇ ಅವನು ಎಲ್ಲಿದ್ದಾನೆ ಅಂತ ಹೇಳಬಹುದು. ಆ ಹಗ್ಗವೇ ಗುರುತ್ವ. ಲೆಕ್ಕ ಮಾತ್ರ ನಾನು ಹೇಳಿದಷ್ಟು ಸುಲಭದ್ದಲ್ಲ, ತಿಂಗಳುಗಟ್ಟಲೆ ಕೆಲಸ.

ಫ್ರಾನ್ಸಿನ ಲೆ ವೆರಿಯೆ ಈ ಲೆಕ್ಕ ಮಾಡಿದ. ಇಂಗ್ಲೆಂಡಿನಲ್ಲಿ ಆಡಮ್ಸ್ ಅನ್ನುವ ಯುವಕ ತನ್ನ ಪಾಡಿಗೆ ತಾನು ಇದೇ ಲೆಕ್ಕದಲ್ಲಿದ್ದ. ಲೆ ವೆರಿಯೆ ಬರ್ಲಿನ್ ವೀಕ್ಷಣಾಲಯದ ಗಾಲೆಗೆ ಕಾಗದ ಬರೆದ. ಅದು ಮುಟ್ಟಿದ್ದು 1846ರ ಸೆಪ್ಟೆಂಬರ್ 23ಕ್ಕೆ. ಅವತ್ತು ಅಲ್ಲಿನ ನಿರ್ದೇಶಕ ಎಂಕೆಯ ಹುಟ್ಟಿದ ಹಬ್ಬ. ಅವನು ಅನುಮತಿ ಕೊಟ್ಟು ಮನೆಗೆ ಹೋದ. ಡಾರೆಸ್ಟ್ ಅನ್ನುವ ವಿದ್ಯಾರ್ಥಿ ನಾನೂ ಬರ್ತೀನಿ ಅಂದ. ಹೊಸ ನಕ್ಷೆ ಇಟ್ಟುಕೊಂಡು ಹೋಲಿಸೋಣ ಅಂತ ಹೇಳಿದವನೂ ಅವನೇ. ಬ್ರೆಮಿಕರ್ ಮಾಡಿದ ಆ ನಕ್ಷೆ ಆಗಷ್ಟೇ ಅಚ್ಚಾಗಿತ್ತು. ಗಾಲೆ ದೂರದರ್ಶಕದಲ್ಲಿ ಕಣ್ಣಿಟ್ಟು ಒಂದೊಂದೇ ಚುಕ್ಕೆಯ ಜಾಗ ಹೇಳುತ್ತಾ ಹೋದ, ಡಾರೆಸ್ಟ್ ನಕ್ಷೆಯಲ್ಲಿ ಹುಡುಕುತ್ತಾ ಹೋದ. ನಡುರಾತ್ರಿ ದಾಟಿದ ಸ್ವಲ್ಪ ಹೊತ್ತಿಗೆ ಒಂದು ಚುಕ್ಕೆ ನಕ್ಷೆಯಲ್ಲಿ ಸಿಗಲಿಲ್ಲ. ಲೆ ವೆರಿಯೆ ಹೇಳಿದ ಜಾಗಕ್ಕೂ ಅದಕ್ಕೂ ಒಂದು ಡಿಗ್ರಿಯ ಅಂತರವೂ ಇರಲಿಲ್ಲ. ಮಾರನೇ ರಾತ್ರಿ ನೋಡಿದರೆ ಅದು ಸರಿದಿತ್ತು.

ಇದೇ ಗ್ರಹವನ್ನು ಕೇಂಬ್ರಿಜ್‌ನ ಚಾಲಿಸ್ ಆಗಸ್ಟ್ 4ಕ್ಕೂ 12ಕ್ಕೂ ಬರೆದುಕೊಂಡಿದ್ದ. ಅವನೂ ಹೊಸ ಗ್ರಹವನ್ನೇ ಹುಡುಕುತ್ತಿದ್ದ! ಆದರೆ ಆ ಹೊಸ ನಕ್ಷೆ ಅವನ ಹತ್ತಿರ ಇರಲಿಲ್ಲ. ಚುಕ್ಕೆಗಳನ್ನೆಲ್ಲ ಬರೆದುಕೊಂಡು ಆಮೇಲೆ ಹೋಲಿಸಬೇಕಿತ್ತು, ಹೋಲಿಸುವುದು ತಡವಾಯಿತು.

ಇನ್ನೂ ಹಿಂದೆ ಹೋಗು. 1612ರ ಡಿಸೆಂಬರ್ 28ಕ್ಕೆ ಗೆಲಿಲಿಯೊ ಗುರುಗ್ರಹದ ಚಂದ್ರರನ್ನು ಬರೆಯುವಾಗ ಪಕ್ಕದಲ್ಲಿ ಒಂದು ನಕ್ಷತ್ರ ಹಾಕಿದ್ದಾನೆ. ಅದು ನೆಪ್ಚೂನ್. ಒಂದು ತಿಂಗಳ ಮೇಲೆ, 1613ರ ಜನವರಿ 28ಕ್ಕೆ, ಅಕ್ಕಪಕ್ಕದ ಎರಡು ಚುಕ್ಕೆ ಹಿಂದಿನ ರಾತ್ರಿ ಇನ್ನೂ ದೂರ ಇದ್ದ ಹಾಗೆ ಕಂಡಿತ್ತು ಅಂತ ಟಿಪ್ಪಣಿ ಮಾಡಿದ್ದಾನೆ. ಅದರಲ್ಲಿ ಒಂದು ನೆಪ್ಚೂನ್. ಅಲ್ಲಿಗೇ ನಿಲ್ಲಿಸಿದ. ಆ ಸಾಲು ನೆನಪಾದಾಗೆಲ್ಲ ನನಗೆ ಹೊಟ್ಟೆ ಕಿವುಚಿದ ಹಾಗಾಗುತ್ತೆ.

ಪಿಯು ಹುಡುಗ | 22 ನವೆಂಬರ್, ರಾತ್ರಿ 10:15

ಥ್ಯಾಂಕ್ಸ್ ಸರ್. ರಬ್ಬರ್ ಹಗ್ಗ ಅರ್ಥ ಆಯ್ತು. ಅಪ್ಪನಿಗೂ ಓದಿ ಹೇಳಿದೆ.

ಕಾವಲೂರು ನೆನಪು | 23 ನವೆಂಬರ್, ಬೆಳಗ್ಗೆ 11:05

ಬಾತ್, ಬರ್ಲಿನ್ ಎಲ್ಲ ಆಯಿತು. ಈ ಪಟ್ಟಿಯಲ್ಲಿ ನಮ್ಮ ಪಕ್ಕದ ಒಂದು ಜಾಗವೂ ಇರಬೇಕು.

1977ರ ಮಾರ್ಚ್ 10ಕ್ಕೆ ಯುರೇನಸ್ ಒಂದು ನಕ್ಷತ್ರದ ಮುಂದೆ ಹಾದುಹೋಗುವುದಿತ್ತು. ಹಿಂದೂ ಮಹಾಸಾಗರದ ಸುತ್ತಮುತ್ತ ಅದನ್ನು ನೋಡಲು ಅವಕಾಶ. ಅಮೆರಿಕದ ಜೇಮ್ಸ್ ಎಲಿಯಟ್, ಎಡ್ವರ್ಡ್ ಡನಮ್, ಜೆಸ್ಸಿಕಾ ಮಿಂಕ್ ವಿಮಾನದೊಳಗೆ ಕೂರಿಸಿದ 91 ಸೆಂಟಿಮೀಟರ್ ದೂರದರ್ಶಕದೊಂದಿಗೆ ಸಾಗರದ ಮೇಲೆ ಹಾರಿದರು. ಇತ್ತ ಜವ್ವಾದಿ ಬೆಟ್ಟದ ಕಾವಲೂರಿನಲ್ಲಿ ಬೆಂಗಳೂರಿನ ಭಾರತೀಯ ಖಭೌತ ಸಂಸ್ಥೆಯ ಜೆ.ಸಿ. ಭಟ್ಟಾಚಾರ್ಯ ಮತ್ತು ಕೆ. ಕುಪ್ಪುಸ್ವಾಮಿ 1 ಮೀಟರ್ ದೂರದರ್ಶಕ ತಿರುಗಿಸಿ ಕಾದರು. ಕಾವಲೂರು ತಮಿಳುನಾಡಿನಲ್ಲಿದೆ, ನೋಡಿಕೊಳ್ಳೋದು ಮಾತ್ರ ನಮ್ಮ ಕೋರಮಂಗಲದ ಸಂಸ್ಥೆ.

ಎಲ್ಲರೂ ಅಂದುಕೊಂಡಿದ್ದು ಇಷ್ಟೇ: ಗ್ರಹ ಅಡ್ಡ ಬಂದಾಗ ನಕ್ಷತ್ರದ ಬೆಳಕು ಹೋಗುತ್ತೆ, ಅದು ಮಂಕಾಗುವ ರೀತಿ ನೋಡಿ ಅಲ್ಲಿನ ಗಾಳಿಯ ಬಗ್ಗೆ ತಿಳಿಯಬಹುದು. ಆದರೆ ಗ್ರಹ ಅಡ್ಡ ಬರುವ ಅರ್ಧ ಗಂಟೆಗೂ ಮೊದಲೇ ವಿಮಾನದಲ್ಲಿದ್ದವರಿಗೆ ಬೆಳಕು ಒಂದು ಕ್ಷಣ ಕುಸಿದು ಮತ್ತೆ ಬಂದಿದ್ದು ಕಂಡಿತು. ಹಾಗೆ ಐದು ಸಲ. ಗ್ರಹ ದಾಟಿದ ಮೇಲೂ ಐದು ಸಲ. ಎರಡೂ ಕಡೆಯ ದಾಖಲೆ ಪಕ್ಕಪಕ್ಕ ಇಟ್ಟಾಗ ದೂರಗಳು ಹೊಂದಿಕೊಂಡವು. ಸಣ್ಣ ಚಂದ್ರರು ಇರಬಹುದು ಅಂತ ಅವರಿಗೂ ಮೊದಲು ಅನ್ನಿಸಿತ್ತು. ಆದರೆ ಚಂದ್ರರು ಎರಡೂ ಪಕ್ಕದಲ್ಲಿ ಅಷ್ಟು ಲೆಕ್ಕಾಚಾರವಾಗಿ ನಿಲ್ಲುವುದಿಲ್ಲ. ಅವು ಉಂಗುರಗಳು.

ಕಾವಲೂರಿನಲ್ಲೂ ಬೆಳಕು ಕುಸಿದದ್ದು ದಾಖಲಾಯಿತು. ಭಟ್ಟಾಚಾರ್ಯ ಮತ್ತು ಕುಪ್ಪುಸ್ವಾಮಿ ಅದನ್ನು ಯುರೇನಸ್‌ನ ಹೊಸ ಉಪಗ್ರಹ ಅಂತ ನೇಚರ್ ಪತ್ರಿಕೆಯಲ್ಲಿ ಬರೆದರು. ಅದೇ ವರ್ಷ ಭಟ್ಟಾಚಾರ್ಯ ಮತ್ತು ವೈಣು ಬಾಪು ಸೇರಿ ಶನಿಗೆ ಇರುವಂಥ ಉಂಗುರಗಳ ವ್ಯವಸ್ಥೆ ಯುರೇನಸ್‌ಗೂ ಇದೆ ಅಂತ ಇನ್ನೊಂದು ಲೇಖನ ಬರೆದರು.

ನಾನು ಕಾಲೇಜಿನಲ್ಲಿದ್ದಾಗ ಪ್ರವಾಸಕ್ಕೆ ಹೋಗಿ ಆ ಒಂದು ಮೀಟರಿನ ದೂರದರ್ಶಕ ನೋಡಿದ್ದೆ. ಉಂಗುರದ ಕಥೆ ಅವತ್ತು ಗೊತ್ತಿರಲಿಲ್ಲ. ಗೊತ್ತಿದ್ದರೆ ಅಲ್ಲಿ ಇನ್ನೂ ಸ್ವಲ್ಪ ಹೊತ್ತು ನಿಲ್ಲುತ್ತಿದ್ದೆ. ಹೆಚ್ಚಿನ ಉಂಗುರಗಳ ಅಗಲ ಕೆಲವೇ ಕಿಲೋಮೀಟರ್. ಬಣ್ಣ ಇದ್ದಿಲಿನಷ್ಟು ಕಪ್ಪು. ಅಷ್ಟು ಸಣ್ಣದನ್ನು 200 ಕೋಟಿಗೂ ಜಾಸ್ತಿ ಕಿಲೋಮೀಟರ್ ದೂರದಿಂದ, ಬರೀ ನೆರಳಿನಿಂದ ಹಿಡಿದರು.

ಕಾಫಿತೋಟ | 23 ನವೆಂಬರ್, ಮಧ್ಯಾಹ್ನ 12:30

ಇದು ನನಗೆ ಗೊತ್ತೇ ಇರಲಿಲ್ಲ! ನಮ್ಮ ಶಾಲೆ ಪುಸ್ತಕದಲ್ಲಿ ಇದನ್ನು ಹಾಕಬೇಕು ಕಣ್ರೀ.

ರಸಾಯನ | 24 ನವೆಂಬರ್, ರಾತ್ರಿ 8:20

ಮೊದಲಿಂದ ಓದಿದೆ. ಆ ಗ್ರಹಗಳ ಒಳಗೆ ಏನಿದೆ ಅನ್ನೋ ಮಾತನ್ನು ಇಲ್ಲಿ ಯಾರೂ ಇನ್ನೂ ಎತ್ತಿಲ್ಲ. ಯುರೇನಸ್, ನೆಪ್ಚೂನ್ ಎರಡನ್ನೂ ಹಿಮದೈತ್ಯ ಅಂತಾರೆ. ಹೆಸರು ಕೇಳಿ ಬರ್ಫದ ಉಂಡೆ ಅಂದುಕೊಳ್ಳಬೇಡಿ. ನೀರು, ಅಮೋನಿಯ, ಮೀಥೇನ್‌ನಂಥವನ್ನು ಖಗೋಳದವರು ಹಿಮ ಅಂತ ಕರೀತಾರೆ, ಅವು ಯಾವ ಸ್ಥಿತಿಯಲ್ಲಿದ್ದರೂ ಸರಿ. ಗುರು, ಶನಿಗಳಲ್ಲಿ ಹೆಚ್ಚಿನ ಪಾಲು ಹೈಡ್ರೋಜನ್, ಹೀಲಿಯಂ. ಇವೆರಡರಲ್ಲಿ ಅವು ಹೊರಗಿನ ಹೊದಿಕೆ ಮಾತ್ರ. ಮೇಲೆ ಯುರೇನಸ್ ಮೈನಸ್ 224 ಡಿಗ್ರಿವರೆಗೆ ತಣ್ಣಗಿರಬಹುದು, ಒಳಗೆ ಸಾವಿರಾರು ಡಿಗ್ರಿ ಬಿಸಿ. ಅಲ್ಲಿನ ಒತ್ತಡಕ್ಕೆ ನೀರು ನಮಗೆ ಗೊತ್ತಿರೋ ನೀರಾಗಿ ಉಳಿಯಲ್ಲ. ಮೀಥೇನ್ ಒಡೆದು ಇಂಗಾಲ ವಜ್ರವಾಗಿ ಕೆಳಕ್ಕೆ ಬೀಳಬಹುದು ಅನ್ನೋ ಲೆಕ್ಕವೂ ಇದೆ. 2017ರಲ್ಲಿ ಪಾಲಿಸ್ಟೈರೀನ್ ಪ್ಲಾಸ್ಟಿಕ್ಕಿಗೆ ಲೇಸರಿನಿಂದ ಹೊಡೆದು, ಕ್ಷಣಮಾತ್ರ ಅಂಥ ಒತ್ತಡ ತಂದಾಗ, ಪ್ರಯೋಗಶಾಲೆಯಲ್ಲಿ ಸಣ್ಣ ವಜ್ರದ ಕಣಗಳು ಆದವು. ಯುರೇನಸ್‌ನಲ್ಲಿ ಅದನ್ನು ನೋಡಿ ಬಂದವರು ಯಾರೂ ಇಲ್ಲ, ಅದನ್ನೂ ನೆನಪಿಡಬೇಕು.

2018ರಲ್ಲಿ ಹವಾಯಿಯ ಜೆಮಿನಿ ದೂರದರ್ಶಕದಿಂದ ಯುರೇನಸ್ ಮೋಡಗಳಲ್ಲಿ ಹೈಡ್ರೋಜನ್ ಸಲ್ಫೈಡ್ ಸಿಕ್ಕಿತು. ಕೊಳೆತ ಮೊಟ್ಟೆಯ ವಾಸನೆ ಇರುತ್ತಲ್ಲ, ಅದೇ ಅನಿಲ.

ಬಣ್ಣದ್ದೊಂದು ಮಾತು. ಯುರೇನಸ್ ತಿಳಿ ಹಸಿರುನೀಲಿ, ನೆಪ್ಚೂನ್ ಕಡುನೀಲಿ ಅಂತ ನಾವೆಲ್ಲ ಚಾರ್ಟ್‌ನಲ್ಲಿ ಬಣ್ಣ ತುಂಬಿದ್ದೇವೆ. 1989ರಲ್ಲಿ ವಾಯೇಜರ್ 2 ನೌಕೆ ತೆಗೆದ ನೆಪ್ಚೂನ್ ಚಿತ್ರಗಳ ಬಣ್ಣವನ್ನು, ಮೋಡ ಚೆನ್ನಾಗಿ ಕಾಣಲಿ ಅಂತ, ಆಗ ಗಾಢ ಮಾಡಿದ್ದರು. ಹಾಗೆ ಮಾಡಿದ್ದೇವೆ ಅಂತ ಚಿತ್ರದ ಕೆಳಗೆ ಬರೆದೂ ಇದ್ದರು. ಚಿತ್ರ ಊರೆಲ್ಲ ಹರಡಿತು, ಆ ಸಾಲು ಹಿಂದೆ ಉಳಿಯಿತು. 2024ರಲ್ಲಿ ಪ್ಯಾಟ್ರಿಕ್ ಅರ್ವಿನ್ ತಂಡ ಲೆಕ್ಕ ಸರಿಮಾಡಿ ನೋಡಿದಾಗ ಎರಡೂ ಹೆಚ್ಚುಕಡಿಮೆ ಒಂದೇ ತಿಳಿ ಹಸಿರುನೀಲಿ. ನೆಪ್ಚೂನ್‌ನಲ್ಲಿ ನೀಲಿ ಚೂರು ಜಾಸ್ತಿ, ಅಷ್ಟೇ.

ಅಂಚೆಪೆಟ್ಟಿಗೆ | 25 ನವೆಂಬರ್, ಸಂಜೆ 5:00

ಅಷ್ಟು ದೂರ ಹೋಗಿ ಬಂದವರು ಯಾರೂ ಇಲ್ಲ ಅಂದ್ರಿ. ಒಂದೇ ಒಂದು ನೌಕೆ ಹಾದು ಹೋಗಿದೆ: ವಾಯೇಜರ್ 2. ಯುರೇನಸ್ ಹತ್ತಿರ 1986ರ ಜನವರಿ 24, ನೆಪ್ಚೂನ್ ಹತ್ತಿರ 1989ರ ಆಗಸ್ಟ್ 25. ನಿಲ್ಲಲಿಲ್ಲ, ದಾಟಿಕೊಂಡು ಹೋಯಿತು. ಈ ಎರಡು ಗ್ರಹಗಳನ್ನು ಹತ್ತಿರದಿಂದ ತೆಗೆದ ಚಿತ್ರ ಯಾವುದು ನೋಡಿದರೂ ಅದು ಆ ದಿನಗಳದ್ದೇ.

ಅದಕ್ಕೇ ನನಗೆ ಚಿಂತೆ. ಯುರೇನಸ್ ಸುತ್ತ ಕಾಂತಕ್ಷೇತ್ರ ವಿಚಿತ್ರ ಅಂತ ಅವತ್ತಿನ ಅಳತೆ ನೋಡಿ ಹೇಳಿದರು. ಅದು ಗ್ರಹದ ಅಕ್ಷಕ್ಕೆ 59 ಡಿಗ್ರಿ ವಾಲಿದೆ. ಅಕ್ಷವೇ 98 ಡಿಗ್ರಿ ವಾಲಿದೆ, ಗ್ರಹ ಮಲಗಿಕೊಂಡೇ ಉರುಳುತ್ತೆ. ಇವೆಲ್ಲ ಸರಿಯೇ. ಆದರೆ ಕಾಂತಕ್ಷೇತ್ರದೊಳಗೆ ಇರಬೇಕಾದ ಕಣಗಳು ಕಾಣಲಿಲ್ಲ, ಅದು ಖಾಲಿ ಅಂತ ನಂಬಿದ್ದರು. 2024ರಲ್ಲಿ ಹಳೇ ದಾಖಲೆ ಮತ್ತೆ ತೆಗೆದು ನೋಡಿದರೆ, ನೌಕೆ ಬರುವ ಸ್ವಲ್ಪ ಮೊದಲು ಸೂರ್ಯನ ಗಾಳಿ ಜೋರಾಗಿ ಬೀಸಿ ಅದನ್ನು ಹಿಂಡಿ ಇಟ್ಟಿತ್ತು. ಅಂಥ ಸ್ಥಿತಿ ಇರೋದು ಸುಮಾರು ಶೇಕಡ 4ರಷ್ಟು ಹೊತ್ತು ಮಾತ್ರವಂತೆ. ಗಾಳಿಮಳೆ ಬಂದ ದಿನ ಒಂದು ಊರಿಗೆ ಹೋಗಿ, ಈ ಊರಲ್ಲಿ ಬೀದಿಗೆ ಜನ ಬರೋದೇ ಇಲ್ಲ ಅಂತ ಬರೆದ ಹಾಗಾಯಿತು.

2022ರಲ್ಲಿ ಅಮೆರಿಕದ ವಿಜ್ಞಾನಿಗಳು ಮುಂದಿನ ದೊಡ್ಡ ಯೋಜನೆ ಯುರೇನಸ್‌ಗೇ ಆಗಲಿ, ಸುತ್ತುವ ನೌಕೆಯ ಜೊತೆ ಒಳಗೆ ಬೀಳುವ ಒಂದು ಶೋಧಕವೂ ಇರಲಿ ಅಂತ ಶಿಫಾರಸು ಮಾಡಿದರು. 2030ರ ದಶಕದ ಶುರುವಿನಲ್ಲಿ ಹೊರಟರೆ ಗುರುಗ್ರಹದ ಎಳೆತದ ಸಹಾಯ ಸಿಗುತ್ತೆ. ಹಾಗೆ ಹೊರಟರೂ ತಲುಪಲು ಹತ್ತು ವರ್ಷಕ್ಕೂ ಜಾಸ್ತಿ. ನನಗೆ ಈಗ 58. ಅದನ್ನು ನೋಡಬೇಕು ಅಂತ ಬಹಳ ಆಸೆ ಇದೆ.

ಪಿಯು ಹುಡುಗ | 25 ನವೆಂಬರ್, ಸಂಜೆ 7:40

ನಾನು ನೋಡ್ತೀನಿ ಅಂಕಲ್. ನೀವೂ ನೋಡ್ತೀರ.

ತುಳಸಿಕಟ್ಟೆ | 26 ನವೆಂಬರ್, ಬೆಳಗ್ಗೆ 9:15

ನಮ್ಮ ನವಗ್ರಹದಲ್ಲಿ ಇವೆರಡೂ ಇಲ್ಲವಲ್ಲ. ಮಗಳು ಕೇಳಿದಳು, ನನಗೆ ಉತ್ತರ ಗೊತ್ತಾಗಲಿಲ್ಲ.

ಹಳೇ ಮೇಷ್ಟ್ರು | 26 ನವೆಂಬರ್, ಬೆಳಗ್ಗೆ 10:00

ತಾಯಿ, ನವಗ್ರಹದಲ್ಲಿ ಸೂರ್ಯ, ಚಂದ್ರ, ಬರಿಗಣ್ಣಿಗೆ ನಡಿಗೆ ಕಾಣುವ ಐದು ಗ್ರಹ, ಜೊತೆಗೆ ಗ್ರಹಣದ ಲೆಕ್ಕಕ್ಕೆ ಬೇಕಾದ ರಾಹು ಕೇತು. ಆ ಪಟ್ಟಿ ಆದಾಗ ದೂರದರ್ಶಕ ಇರಲಿಲ್ಲ, ಅಷ್ಟೇ. ಮಗಳಿಗೆ ಡಿಸೆಂಬರ್ ಮೊದಲ ವಾರ ಕೃತ್ತಿಕೆ ತೋರಿಸಿ. ಹುಣ್ಣಿಮೆ ಚಂದ್ರ ಅದರ ಹತ್ತಿರವೇ ಬರುತ್ತಾನೆ, ಗುರುತು ಹಿಡಿಯೋದು ಸುಲಭ. ಯುರೇನಸ್‌ಗೆ ಮಾತ್ರ ಚಂದ್ರ ಹೋದ ಮೇಲೆ ನೋಡಿ, ಆ ಬೆಳಕಿನಲ್ಲಿ ಸಿಗಲ್ಲ.

ಬಯಲುಸೀಮೆ ಚುಕ್ಕಿ | 2 ಡಿಸೆಂಬರ್, ರಾತ್ರಿ 9:30

ನಾಲ್ಕು ದಿನದಿಂದ ಮೋಡ. ನೋಟ್‌ಬುಕ್ಕಿನಲ್ಲಿ ನವೆಂಬರ್ 21ರ ವೃತ್ತ ಇದೆ. ಅಮ್ಮನ ಬಳೆ ಇಟ್ಟು ಎಳೆದೆ. ಕಾಯ್ತಾ ಇದ್ದೀನಿ.

ಬಯಲುಸೀಮೆ ಚುಕ್ಕಿ | 10 ಡಿಸೆಂಬರ್, ರಾತ್ರಿ 9:05

ಮೇಷ್ಟ್ರೇ, ಈಗಷ್ಟೇ ಮಾಳಿಗೆಯಿಂದ ಇಳಿದು ಬಂದೆ. ಕೈ ಇನ್ನೂ ತಣ್ಣಗಿದೆ.

ಚಂದ್ರ ಇನ್ನೂ ಹುಟ್ಟಿಲ್ಲ, ಆಕಾಶ ತೊಳೆದ ಹಾಗಿದೆ. ಆಪ್ ನೋಡಬಾರದು ಅಂತ ಫೋನ್ ಕೆಳಗೇ ಬಿಟ್ಟು ಹೋದೆ. ಅದೇ ಟ್ಯಾಂಕು, ಅದೇ ಮೊಣಕೈ. ಮೊದಲು ಹಳೇ ಚಿತ್ರ ನೋಡದೆ ಹೊಸ ವೃತ್ತದಲ್ಲಿ ಕಂಡಷ್ಟು ಚುಕ್ಕೆ ಹಾಕಿದೆ. ಆಮೇಲೆ ಟಾರ್ಚಿಗೆ ಕೆಂಪು ಕಾಗದ ಸುತ್ತಿ ಎರಡನ್ನೂ ಪಕ್ಕಪಕ್ಕ ಇಟ್ಟೆ.

ಮೇಲಿನ ಎರಡು ಚುಕ್ಕೆ ಇದ್ದಲ್ಲೇ ಇವೆ. ಕೆಳಗಿದ್ದದ್ದು ಅಲ್ಲಿಲ್ಲ. ಮೇಲಕ್ಕೆ ಸರಿದು ಆ ಜೋಡಿಯ ಹತ್ತಿರಕ್ಕೇ ಬಂದಿದೆ. ಹುಣ್ಣಿಮೆ ಚಂದ್ರನ ಅಗಲಕ್ಕಿಂತ ಜಾಸ್ತಿ ನಡೆದಿದೆ ಅನ್ನಿಸುತ್ತೆ. ಅಮ್ಮನನ್ನು ಮೇಲಕ್ಕೆ ಕರೆದು ಎರಡೂ ಹಾಳೆ ತೋರಿಸಿದೆ. ಸ್ವಲ್ಪ ಹೊತ್ತು ನೋಡಿ, ಇದು ಜಾಗ ಬಿಟ್ಟಿದೆ ಅಂತ ಅದೇ ಚುಕ್ಕೆಯ ಮೇಲೆ ಬೆರಳಿಟ್ಟರು. ನಾನು ಏನೂ ಹೇಳಿರಲಿಲ್ಲ.

ಹಾಳೆಯ ಫೋಟೋ ಈಗ ಹಾಕ್ತೀನಿ.